ಕಿರುತಿಂಗಳ ಇಪ್ಪತ್ತು ದಿನ

"ಕೀಳಬೇಡ್ವೋ!" ಎಂದು ಅಕ್ಕ ಅಚ್ಚುಕೂಟದೊಳಗೆ ನುಗ್ಗುವಷ್ಟರಲ್ಲಿ ತಮ್ಮ ಹೊಸ ಕ್ಯಾಲೆಂಡರಿನ ಚೌಕಟ್ಟಿನಿಂದ ಕಿರುತಿಂಗಳ ಕೊನೆಯ ಅಚ್ಚುಮೊಳೆಯನ್ನೂ ಕಿತ್ತಾಗಿತ್ತು.

"ಅರಮನೆ ಆಜ್ಞೆ ಕಣಕ್ಕ. ಇಬ್ಬರು ಚಂದ್ರರಲ್ಲಿ ಸಣ್ಣವನು ಮುಳುಗಿ ಮೂರು ವರ್ಷ ಆಯ್ತು, ಮತ್ತೆ ಹುಟ್ಟಲಿಲ್ಲ. ಚಂದ್ರನೇ ಇಲ್ಲ ಅಂದ್ಮೇಲೆ ಅವನ ತಿಂಗಳು ಯಾಕೆ?"

"ನಿಮ್ಮ ಭಾವ ದೋಣಿ ಹತ್ತುವಾಗ ಕಿರುತಿಂಗಳಲ್ಲಿ ಬರ್ತೀನಿ ಅಂದಿದ್ರು."

"ಯಾವ ವರ್ಷ ಅಂತ ಅಂದಿದ್ರಾ? ಎಂಟು ವರ್ಷದಿಂದ ಆ ಇಪ್ಪತ್ತು ದಿನವೂ ದೋಣಿಕಟ್ಟೆಯಲ್ಲಿ ನಿಲ್ತೀಯ. ಇನ್ನೊಂದು ವರ್ಷ ನಿಂತ್ರೆ ಕಂಬ ಅನ್ಕೊಂಡು ನಿನಗೇ ಹಗ್ಗ ಕಟ್ತಾರೆ!" ತಮ್ಮ ರೇಗಿದ. ಒಳಗೊಳಗೆ ಅವನಿಗೆ ಸಮಾಧಾನವೇ ಆಗಿತ್ತು. ತಾನು ಬಿಡಿಸಲಾರದೆ ಹೋದ ಕಾಯುವಿಕೆಯನ್ನು ಅರಮನೆಯೇ ಬಿಡಿಸಿತ್ತು.

ಅಕ್ಕ ಅಳಲಿಲ್ಲ. ಕರಡು ಹಾಳೆಯನ್ನೇ ದಿಟ್ಟಿಸಿ ನೋಡಿದಳು. "ಆ ಇಪ್ಪತ್ತು ದಿನ ಏನಾದವು?"

"ಏನಾಗ್ತವೆ? ಉಳಿದ ಹತ್ತು ತಿಂಗಳಿಗೂ ಕೊನೆಯಲ್ಲಿ ಎರಡೆರಡು ಸೇರಿಸಿದ್ದೀವಿ."

ಅವಳು ಮಸಿ ಆರದ ಹಾಳೆಯನ್ನು ಹತ್ತಿರಕ್ಕೆ ಎಳೆದುಕೊಂಡು, ಒಂದೊಂದು ತಿಂಗಳ ಕೊನೆಯ ಎರಡು ದಿನಗಳ ಕೆಳಗೂ ಉಗುರಿನಿಂದ ಗೀರುತ್ತ ಹೋದಳು.

"ಹಾಗಾದ್ರೆ ಇನ್ಮೇಲೆ ತಿಂಗಳು ತಿಂಗಳೂ ದೋಣಿಕಟ್ಟೆಗೆ ಹೋಗಬೇಕು," ಎಂದಳು.