ಅಗಸಿ ಬಾಗಿಲ ಮಾತು

ನಮ್ಮ ಕೋಟೆಯೂರಿನ ಅಗಸಿ ಬಾಗಿಲಲ್ಲಿ ಯಾರೂ ಮಾತಾಡುವುದಿಲ್ಲ. ಅದನ್ನು ದಾಟಿ ಹೋಗಿ ಮರಳಿ ಬಾರದವರು ಅಲ್ಲಿ ಆಡಿದ ಕೊನೆಯ ಮಾತನ್ನು, ದೀಪ ಹಚ್ಚುವ ಹೊತ್ತಿಗೆ ಅದರ ಕಲ್ಲುಗಳು ಮತ್ತೆ ಆಡುತ್ತವೆ. ದಂಡಿಗೆ ಹೋದ ಸಿಪಾಯಿ, "ಹಬ್ಬಕ್ಕ ಬರ್ತೀನಿ" ಎನ್ನುತ್ತಾನೆ. ಪ್ಲೇಗಿನ ಕಾಲದ ತಾಯೊಬ್ಬಳು, "ಕೂಸು ಮಲಗೈತಿ, ಈಗ ಬಂದೆ" ಎನ್ನುತ್ತಾಳೆ.

ಬಸ್ ಓಡಿಸುವ ಕೆಲಸಕ್ಕೆ ನಾನು ಹೊರಟ ಮೊದಲ ದಿನ ಅವ್ವ ಹೊಸ್ತಿಲಿಗೆ ಅಡ್ಡ ನಿಂತಳು.

"ತಮ್ಮಾ, ಅಗಸ್ಯಾಗ ಬಾಯಿ ತೆರೀಬ್ಯಾಡ."

"ಮಾತಾಡಿದ್ರ ಸಾಯ್ತಾರೇನಬೇ?"

"ಅದು ನನಗ ಗೊತ್ತಿಲ್ಲ. ನಿಮ್ಮಪ್ಪನ ದನಿ ದಿನಾ ಕೇಳ್ತೀನಿ. ನಿಂದೂ ಕೇಳಾಕ ನನ್ನ ಕೈಲಿ ಆಗಂಗಿಲ್ಲ."

ತುಟಿ ಕಚ್ಚಿಕೊಂಡು ಅಗಸಿ ದಾಟಿದೆ. ದಿನವಿಡೀ ಪ್ರತಿ ತಿರುವಿನಲ್ಲೂ ಬಸ್ಸನ್ನು ನಿಧಾನ ಮಾಡಿದೆ. ಮಧ್ಯಾಹ್ನ ನೋಡಿದರೆ, ಅವ್ವ ಕಟ್ಟಿಟ್ಟ ರೊಟ್ಟಿ ಬುತ್ತಿಯನ್ನು ಮನೆಯಲ್ಲೇ ಮರೆತು ಬಂದಿದ್ದೆ.

ಸಂಜೆ ಮೈಮೇಲೆ ಒಂದು ಗೀರೂ ಇಲ್ಲದೆ ಮರಳಿದೆ. ಅಗಸಿಯಲ್ಲಿ ದನಿಗಳು ಆಗಲೇ ಶುರುವಾಗಿದ್ದವು. ಸಿಪಾಯಿ ಮಾತಾಡಿದ, ಕೂಸಿನ ತಾಯಿ ಮಾತಾಡಿದಳು, ಅಪ್ಪ ಮಾತಾಡಿದ. ಆಮೇಲೆ ಕೇಳಿದ್ದು ಹೊಸ ದನಿ, ಓಡಿ ಬಂದು ಏದುಸಿರು ಬಿಡುತ್ತಿತ್ತು:

"ನಿಂದ್ರೋ ತಮ್ಮಾ, ಬುತ್ತಿ ಬಿಟ್ಟು ಹೊಂಟೀಯಲ್ಲೋ!"