ಐದುನೂರಾ ಹನ್ನೆರಡು ಆಟ, ಒಂದೂ ಗೋಲಿಲ್ಲ

“ಐದನೂರಾ ಹನ್ನೆರಡು ಆಟ ಆಡ್ಯಾನಪಾ, ಒಂದೂ ಗೋಲ್ ಹೊಡದಿಲ್ಲ!”

ಅಂಗಡಿಯವ ಭಜಿ ಕಟ್ಟಿಕೊಟ್ಟಿದ್ದ ಹಾಳೆಯನ್ನು ದಾನೇಶ್ವರಿ ಅಪ್ಪನ ಮುಂದೆ ಹಿಡಿದಳು. ಹಳೆಯ ಇಂಗ್ಲಿಷ್ ಪುಸ್ತಕದ್ದು. ಉಣ್ಣೆಯ ಅಂಗಿ, ಟೋಪಿ ತೊಟ್ಟ ಫುಟ್‌ಬಾಲ್ ಆಟಗಾರನ ಚಿತ್ರ. ಹೆಸರಿನ ಮೇಲೆ ಎಣ್ಣೆ ಹರಡಿತ್ತು. ಕೆಳಗೆ 1921ರಿಂದ 1936ರವರೆಗೆ ವರ್ಷಕ್ಕೊಂದು ಸಾಲು. ಏಳನೆಯ ತರಗತಿಗೇ ಸಾಲೆ ಬಿಟ್ಟವಳು ‘ಮ್ಯಾಚ್’, ‘ಗೋಲ್’ ಎಂಬೆರಡನ್ನು ಅಕ್ಷರ ಕೂಡಿಸಿ ಓದಿದ್ದಳು. ಮೊದಲನೆಯದರಡಿ ಒಟ್ಟು 512, ಎರಡನೆಯದರಡಿ ಬರೀ ಸೊನ್ನೆ.

“ನನ್ನಂಥಾಂವ ಇರಬೇಕು ಬಿಡು,” ಎಂದ ಮಡಿವಾಳಪ್ಪ, ರೈಲ್ವೆ ಗೇಟು ಇಳಿಸುತ್ತ. ಇಂಡಿ ರೋಡಿನ ಈ ಗೇಟಿನಲ್ಲಿ ಮೂವತ್ತೊಂದು ವರ್ಷ. ಇಂದು ಕೊನೆಯ ದಿನ. ಬೆಳಿಗ್ಗೆ ಗುಮಾಸ್ತನೊಬ್ಬ ಅವನ ಸೇವಾ ಪುಸ್ತಕ ತಿರುವಿ ನಕ್ಕಿದ್ದ: “ಬಹುಮಾನ ಇಲ್ಲ, ಅಪಘಾತ ಇಲ್ಲ. ಇಷ್ಟ ವರ್ಷ ಏನ್ ಮಾಡಿದ್ಯೋ ಯಪ್ಪಾ?” ಆಗಿನಿಂದ ಅವನು ಒಂದು ತುತ್ತೂ ಮುಟ್ಟಿರಲಿಲ್ಲ. ಅದಕ್ಕೇ ಮಗಳು ಭಜಿ ತಂದಿದ್ದಳು.

ಗೇಟಿಗೆ ಸಿಕ್ಕಿಬಿದ್ದ ಪಾಂಡುರಂಗ ಮಾಸ್ತರು ಸ್ಕೂಟರ್ ಆರಿಸಿದರು. ಚಡಚಣದಲ್ಲಿ ಇಂಗ್ಲಿಷ್ ಕಲಿಸುವವರು. “ಕಡೀ ದಿನಾನೂ ನನ್ನ ಅರ್ಧ ತಾಸು ತಿಂದಿ ನೋಡು ಮಡಿವಾಳಪ್ಪಾ. ಏನವಾ ತಂಗಿ ಅದು, ಇತ್ತ ತಾ.” ಚಾಳೀಸು ಏರಿಸಿ ಓದುತ್ತ ಹೋದಂತೆ ಅವರ ದನಿ ಇಳಿಯಿತು.

“ಅಂವ ಗೋಲ್ ಹೊಡ್ಯಾಂವ ಅಲ್ಲವಾ, ತಡ್ಯಾಂವ. ಕಂಬದ ನಡುವ ನಿಂತು, ಬಂದ ಚೆಂಡು ಹಿಡಿಯೋದ ಅವನ ಕೆಲಸ. ಹದಿನಾರು ವರ್ಷ ಅದ ಜಾಗಾ! ಒಮ್ಮೆ ಎದುರಿನವನ ಕಾಲಾಗ ಬಿದ್ದು ಹಿಡದು ಎರಡು ಪಕ್ಕೆಲುಬು ಮುರಕೊಂಡಾನ. ಆಟ ಮುಗಿಯೂತನಕ ಜಾಗಾ ಬಿಟ್ಟಿಲ್ಲ.”

ದಾನೇಶ್ವರಿ ಚಿತ್ರದ ಆ ಅಗಲ ಕೈಗಳನ್ನೇ ನೋಡಿದಳು. “ಒಟ್ಟ ಎಷ್ಟ ತಡದಾನ್ರಿ ಸರ್?”

“ಅದನ್ನ ಬರದಿಲ್ಲವಾ. ಯಾರ್ ಎಣಿಸ್ತಾರ?”

ಅಷ್ಟರಲ್ಲಿ ಒಬ್ಬ ಸೈಕಲ್ ಬಗ್ಗಿಸಿಕೊಂಡು ಗೇಟಿನ ಕೆಳಗೆ ನುಸುಳಿದ. ಕ್ಯಾರಿಯರ್ ಮೇಲೆ ಜೋಳದ ಚೀಲ. ಹಳಿಯ ಸಂದಿನಲ್ಲಿ ಚಕ್ರ ಸಿಕ್ಕಿತು. ತಿರುವಿನಲ್ಲಿ ಸೊಲ್ಲಾಪುರದ ಗಾಡಿ ಕೂಗಿತು. ಅವಳು ಚೀರುವಷ್ಟರಲ್ಲಿ ಅಪ್ಪ ಹಾರಿ, ಅವನನ್ನು ಸೈಕಲ್ ಸಮೇತ ಎಳೆದುಕೊಂಡು ಜಲ್ಲಿಯ ಮೇಲೆ ಬಿದ್ದಿದ್ದ. ಗಾಡಿ ಹಾಯುವಾಗ ಮೊಣಕಾಲೂರಿ, ಕೈಯಲ್ಲಿದ್ದ ಹಸಿರು ಬಾವುಟ ಎತ್ತಿ ಹಿಡಿದ.

“ಹೊಸಾ ಅಂಗಿ ಹರದೆಲ್ಲೋ!” ಸೈಕಲ್ಲಿನವನು ಬಯ್ಯುತ್ತಲೇ ಹೋದ. ಗೇಟು ತೆರೆದರೂ ಮಾಸ್ತರು ಸ್ಕೂಟರ್ ಹೊಡೆಯುವುದನ್ನು ಮರೆತು ನಿಂತಿದ್ದರು.

ಮಡಿವಾಳಪ್ಪ ಕೋಣೆಯೊಳಗೆ ಬಂದು ರಿಜಿಸ್ಟರಿನಲ್ಲಿ ಗಾಡಿಯ ಹೊತ್ತು ಬರೆದ. ‘ಅವಘಡ’ ಎಂಬಲ್ಲಿ ಎಂದಿನಂತೆ ಸೊನ್ನೆ ಸುತ್ತಿದ. ಮೊಣಕೈಯಿಂದ ಅದರ ಪಕ್ಕ ರಕ್ತದ ಹನಿ ಬಿತ್ತು. ಪುಟ ಹೊಲಸಾಯಿತೆಂದು ಅವಸರದಿಂದ ಒರೆಸಿದ.

ದಾನೇಶ್ವರಿ ಗೂಡಿನಿಂದ 1994ರ ರಿಜಿಸ್ಟರು ಇಳಿಸಿದಳು. ಪುಟ ಪುಟವೂ ಸೊನ್ನೆ. ಕಣ್ಣು ಮುಚ್ಚಿ ಒಂದರ ಮೇಲೆ ಬೆರಳಿಟ್ಟಳು.

“ಅಪ್ಪಾ, ಈ ಸೊನ್ನಿ ಯಾರು?”

ಅಪ್ಪ ತಾರೀಖು ನೋಡಿದ. ತಣ್ಣಗಾದ ಭಜಿಯೊಂದನ್ನು ಕೈಗೆತ್ತಿಕೊಂಡು ಹೇಳಿದ:

“ಅದಾ? ಒಬ್ಬಾಕಿ ತಾಯಿ. ಎರಡು ಕೂಸು.”