ಹದಿನಾರು ಪೆಟ್ಟಿನ ಖಾಲಿ ಜಾಗ

ಮೂರನೆಯ ಹಾಡು ಮುಗಿದರೂ ಜಹೀರ ಬಾಯಿ ಬಿಡಲಿಲ್ಲ.

ಇಳಕಲ್ಲಿನ ಆ ಮನೆಯ ಮಗ್ಗದ ಕೋಣೆಯಲ್ಲಿ ಬೀರೇಶ ಪುಟ್ಟ ಸ್ಪೀಕರಿಗೆ ಪೆನ್‌ಡ್ರೈವ್ ಸಿಕ್ಕಿಸಿಕೊಂಡು ಕೂತಿದ್ದ. ಎದುರಿಗೆ ಕುಣಿಮಗ್ಗದಲ್ಲಿ ಕಾಲು ಇಳಿಬಿಟ್ಟು ಜಹೀರ. ಮೇ ತಿಂಗಳ ಬಿಸಿಲಿಗೆ ಮೇಲಿನ ತಗಡು ಕಾದಿತ್ತು. ಈ ಮನುಷ್ಯ ಮಾತ್ರ ಕೊರಳಿಗೆ ಮಫ್ಲರ್ ಸುತ್ತಿಕೊಂಡಿದ್ದ. ಮೊದಲಿನಿಂದಲೂ ಅವನಿಗೆ ಶೋಕಿ ಜಾಸ್ತಿ.

ಒಂಬತ್ತು ವರ್ಷದ ಹಿಂದೆ ಇಬ್ಬರೂ ಸೇರಿ ಕಟ್ಟಿದ ರ‍್ಯಾಪ್ ಹಾಡು ಹುನಗುಂದದಿಂದ ಬಾದಾಮಿಯವರೆಗೆ ಪ್ರತಿ ಟಂಟಂ ಆಟೊದಲ್ಲೂ ಮೊಳಗಿತ್ತು. ಆಲ್ಬಂ ಹೊರಬಂದಾಗ ಬೀರೇಶ ಪೋಸ್ಟರಿನಲ್ಲಿ ತನ್ನ ಹೆಸರೊಂದನ್ನೇ ಹಾಕಿಸಿದ. ಜಹೀರ ಜಗಳಾಡಲಿಲ್ಲ, ಮಗ್ಗಕ್ಕೆ ವಾಪಸಾದ. ಒಂಟಿ ಬೀರೇಶನ ಹಾಡನ್ನು ಯಾರೂ ಕೇಳಲಿಲ್ಲ. ಅವನು ಗೋವಾಕ್ಕೆ ಹೋಗಿ ಕ್ರೇನ್ ನಡೆಸಿದ. ಊರ ಕಡೆಯ ಒಬ್ಬರ ಫೋನನ್ನೂ ಎತ್ತಲಿಲ್ಲ.

ಈಗ ಮರಳಿ ಬಂದು ಐದು ಹಾಡಿನ ಆಲ್ಬಂ ಮಾಡಿದ್ದ. ತಪ್ಪಾಯಿತು ಎನ್ನುವುದಕ್ಕೆ ಅವನ ನಾಲಿಗೆ ಹೊರಳುವುದಿಲ್ಲ. ಅದಕ್ಕೇ ಅಪ್ಪ ಹನಮಂತಪ್ಪನ ಡೊಳ್ಳಿನ ಪದದ ದಾರಿ ಹಿಡಿದ. ಬೀರಪ್ಪನ ಗುಡಿಯ ಮುಂದೆ ಒಂದು ಮೇಳ ಸವಾಲು ಹಾಡಿದರೆ ಇನ್ನೊಂದು ಜವಾಬು ಹಾಡುತ್ತದೆ. ಹಾಗೆಯೇ ಪ್ರತಿ ಹಾಡಿನ ನಡುವೆ ಹದಿನಾರು ಪೆಟ್ಟಿನಷ್ಟು ಜಾಗ ಖಾಲಿ ಬಿಟ್ಟಿದ್ದ. ಅದು ಜಹೀರನ ಜಾಗ. ಅವನೊಬ್ಬ ಅಲ್ಲಿ ಬಂದು ನಿಂತರೆ ಸಾಕಿತ್ತು, ಬೀರೇಶನಿಗೆ ಬೇರೇನೂ ಬೇಕಿರಲಿಲ್ಲ.

ಅಪ್ಪನ ಮೇಳದ ಕಟ್ಟಳೆ ಎರಡು. ಡೊಳ್ಳು ಬರೀ ಸಾಥ್, ಜವಾಬು ಬಾಯಿಂದಲೇ ಬರಬೇಕು. ಬಾರದಿದ್ದರೆ ಸವಾಲು ಹಾಕಿದವನೇ ಆ ಜಾಗ ತುಂಬಬೇಕು. ಎದುರಿನವನು ಸೋತ ಹಾಗೆ.

ಜಹೀರನ ಹೆಂಡತಿ ಶಹರಬಾನು ಚಹಾ ತಂದಿಟ್ಟಳು. "ಬೀರೇಶಣ್ಣಾ, ಇವರಿಗೆ..." ಎಂದು ಶುರುಮಾಡಿದಳು. ಜಹೀರ ಕೈಯಲ್ಲಿದ್ದ ಲಾಳಿಯಿಂದ ಮಗ್ಗದ ಕಟ್ಟಿಗೆಗೆ ಟಕ್ಕನೆ ಬಡಿದ. ಅವಳು ತಟ್ಟೆ ಎತ್ತಿಕೊಂಡು ಒಳನಡೆದಳು.

"ಹೇಳ್ಲಿ ಬಿಡಲೇ," ಎಂದ ಬೀರೇಶ. "ಹೇಣ್ತಿ ಬಾಯಿನೂ ಮುಚ್ಚಸ್ತೀಯೇನು?"

ಬಾಗಿಲ ಪಕ್ಕದ ಕಂಬಕ್ಕೆ ಸದಾ ತೂಗುತ್ತಿದ್ದ ಗುಟ್ಕಾ ಚೀಟಿಗಳ ಸರ ಈಗ ಇರಲಿಲ್ಲ. ಅದೇ ಮೊಳೆಗೆ ಮಕ್ಕಳ ಪಾಟಿಯೊಂದು ನೇತಾಡುತ್ತಿತ್ತು. ಅದರ ಮೇಲೆ ಬಳಪದಿಂದ 'ಕೆಂಪು ನೂಲು, ಉಪ್ಪು, ಚಾಪುಡಿ' ಎಂದು ಬರೆದಿತ್ತು. ಪಕ್ಕಾ ಸಂಸಾರಿಯಾಗಿದ್ದಾನೆ ಎಂದುಕೊಂಡು ಬೀರೇಶ ನಾಲ್ಕನೆಯ ಹಾಡು ಹಚ್ಚಿದ.

ಹಾಡು ಇನ್ನೇನು ಅವನ ಜಾಗಕ್ಕೆ ಬಂತು ಎನ್ನುವಾಗ ಜಹೀರ ಮೊದಲಿನ ಮೂರಕ್ಕೆ ಮಾಡಿದಂತೆಯೇ ತಲೆ ಬಗ್ಗಿಸಿ ಖಟಖಟ ನೇಯತೊಡಗಿದ. ಐದನೆಯದಕ್ಕೂ ಅದೇ. ನಿನ್ನ ಹಾಡು ನಿನಗೆ, ನನ್ನ ಕೆಲಸ ನನಗೆ ಎನ್ನುವ ಹಾಗೆ. ಕೊನೆಗೆ ಬೆವರು ಒರೆಸಿಕೊಂಡು ಬೀರೇಶನ ಮುಖವನ್ನೇ ನೋಡಿದ. ತುಟಿಯ ಮೇಲೆ ಸಣ್ಣ ನಗು.

ಆ ನಗು ಬೀರೇಶನಿಗೆ ಚುಚ್ಚಿತು. "ಒಂದ ಮಾತು ಅನ್ನು. ಬೈಯರೆ ಬೈ."

ಜಹೀರನ ನಗು ಆರಿತು. ಬಾಗಿಲ ಕಡೆಗೆ ಕೈ ಚಾಚಿದ.

ಹೊರಗೆ ನಡೆ ಎನ್ನುತ್ತಿದ್ದಾನೆ. ಬೀರೇಶ ಚಹಾ ಮುಟ್ಟದೆ ಎದ್ದುಹೋದ. ಜವಾಬು ಸಿಕ್ಕರೆ ಹಿಡಿದಿಡಲೆಂದು ಜೇಬಿನ ಫೋನಿನಲ್ಲಿ ರೆಕಾರ್ಡಿಂಗ್ ಹಚ್ಚಿದ್ದ. ಅದನ್ನು ಬಂದ್ ಮಾಡಲು ನೆನಪಾದದ್ದು ಕಮತಗಿ ದಾಟಿದ ಮೇಲೆ.

ಅದೇ ವಾರ ಬಾಗಲಕೋಟೆಯಲ್ಲಿ, ಅಯೂಬನ ಸ್ಟುಡಿಯೋದಲ್ಲಿ, ಐದೂ ಜಾಗಗಳನ್ನು ತಾನೇ ತುಂಬಿದ. 'ಹುಲಿ ಅಂತಿದ್ರು, ಕುಣ್ಯಾಗಿನ ಇಲಿ. ಬಾಯಿದ್ದ ಮೂಗಾ, ಜವಾಬು ಎಲ್ಲಿ?'

ಹಾಡು ಬೆಂಕಿಯಂತೆ ಹತ್ತಿತು. ಕುಳಗೇರಿ ಕ್ರಾಸಿನ ಚಹಾದಂಗಡಿಯಲ್ಲಿ, ಮದುವೆಯ ಡಿಜೆಯಲ್ಲಿ, ಕಾಲೇಜು ಹುಡುಗರ ಜಗಳದಲ್ಲಿ, ಎಲ್ಲಾ ಕಡೆ ಅದೇ ಸಾಲು. ಆಲ್ಬಮಿನ ಹೆಸರು ಮರೆತವರಿಗೂ ಆ ಸಾಲು ಬಾಯಿಪಾಠ. ಇಳಕಲ್ಲಿನಲ್ಲಿ ಮಕ್ಕಳು ಜಹೀರನ ಕಿಟಕಿಯ ಕೆಳಗೆ ನಿಂತು ಅದನ್ನೇ ಕೂಗುತ್ತವೆ ಎಂಬ ಸುದ್ದಿಯೂ ಬಂತು. ಬೀರೇಶ ಗೆದ್ದಿದ್ದ. ಆದರೆ ಅವನಿಗೆ ಬೇಕಾಗಿದ್ದದ್ದು ಜಹೀರ, ಸೋತ ಜಹೀರನಲ್ಲ.

ತಿಂಗಳ ಮೇಲೆ ಅಯೂಬ ಬೀರೇಶನ ಫೋನಿನಲ್ಲಿದ್ದುದನ್ನು ಕಂಪ್ಯೂಟರಿಗೆ ಇಳಿಸುತ್ತಿದ್ದ. ಇಳಕಲ್ಲಿನ ಆ ರೆಕಾರ್ಡಿಂಗ್ ಕೇಳುತ್ತ ಹೆಡ್‌ಫೋನ್ ಗಟ್ಟಿಯಾಗಿ ಒತ್ತಿ ಹಿಡಿದ.

"ಈ ತಾಳ ಯಾರು ಹಾಕ್ಯಾರಲೇ? ನೀ ಹಾಡೂ ಮುಂದ ಗಪ್ಪ ಕುಂತಾನ. ಖಾಲಿ ಜಾಗ ಬಂದ ಕೂಡ್ಲೆ ಹದಿನಾರು ಪೆಟ್ಟು. ಒಂದು ಹೆಚ್ಚಿಲ್ಲ, ಒಂದು ಕಮ್ಮಿ ಇಲ್ಲ. ಐದೂ ಹಾಡಿಗೆ ಬ್ಯಾರೆ ಬ್ಯಾರೆ ನಡಿಗಿ. ಇಂಥಾ ಜವಾಬು ಜೇಬಿನಾಗ ಇಟ್ಕೊಂಡು ಬೈಗಳ ಯಾಕ ತುಂಬಿದಿ?"

ಬೀರೇಶ ಇಳಕಲ್ಲಿಗೆ ಫೋನ್ ಹಚ್ಚಿದ. ಶಹರಬಾನು ಎತ್ತಿದಳು. ಹಿಂದೆ ಮಗ್ಗದ ಸದ್ದಿರಲಿಲ್ಲ.

"ಭಾಬಿ, ಜಹೀರನ ಕೈಯಾಗ ಫೋನ್ ಕೊಡ್ರಿ. ಒಂದ ಮಾತು ಆಡ್ಲಿ ಸಾಕು."

"ಹೆಂಗ ಆಡ್ತಾರ ಬೀರೇಶಣ್ಣಾ? ಗಂಟಲಾಗಿನ ಧ್ವನಿ ಪೆಟಿಗಿ ತಗದು ಎರಡು ವರ್ಷ ಆತು. ಅವತ್ತ ಅವರು ಕೈ ಚಾಚಿದ್ದು ಪಾಟಿಗೆ. ನೀವು ಎದ್ದು ಹೋದ ಮ್ಯಾಲೆ ಅದರಾಗ ಬರದಿದ್ರು, ಬೀರ್ಯಾಗ ಜವಾಬು ಕೊಟ್ಟೇನಿ ಅಂತ. ನಿಮ್ಮ ಹಾಡು ಕೇಳಿದ ದಿನ ತಮ್ಮ ಕೈಯಾರೆ ಅದನ್ನ ಅಳಿಸಿದ್ರು."